ವೇಷವೂ ವಿಮರ್ಶೆಯೂ

ಕಾವ್ಯವನ್ನು ಓದುವುದಕ್ಕೆ ಶಿಕ್ಷಣ ಬೇಕೆಂಬುದನ್ನು ನಮ್ಮಲ್ಲಿ ಯಾರೂ ಅಲ್ಲಗಳೆಯುವುದಿಲ್ಲ. ಛಂದಸ್ಸಿನ ಪರಿಚಯವಿಲ್ಲದ, ಪುರಾಣದ ತಿಳಿವಳಿಕೆಯಿಲ್ಲದ ಓದುಗನ ಕೈಗೆ ಪಂಪಭಾರತವನ್ನು ಕೊಟ್ಟರೆ ಅವನು ನಾಲ್ಕು ಪುಟ ತಿರುವಿ ಕೆಳಗಿಡುವನು. ಅದು ಕಾವ್ಯದ ದೋಷವೆಂದು ನಾವು ಹೇಳುವುದಿಲ್ಲ. ಆದರೆ ಚಿತ್ರವನ್ನು ನೋಡುವುದಕ್ಕೆ ಕಣ್ಣಿದ್ದರೆ ಸಾಕೆಂದು ಎಲ್ಲರೂ ನಂಬಿದ್ದೇವೆ. ಎರಡು ಮೂರು ತಲೆಮಾರಿನ ಹಿಂದೆ ಒಂದು ಮನೆಯಲ್ಲಿರುತ್ತಿದ್ದ ಚಿತ್ರಗಳು ಬೆರಳೆಣಿಕೆಯವು: ದೇವರಮನೆಯಲ್ಲಿ ರವಿವರ್ಮನ ಲಕ್ಷ್ಮಿ, ನಡುಮನೆಯಲ್ಲಿ ಹಿರಿಯರ ಛಾಯಾಚಿತ್ರ, ಬಾಗಿಲ ಪಕ್ಕದಲ್ಲಿ ಅಂಗಡಿಯವರು ಕೊಟ್ಟ ಕ್ಯಾಲೆಂಡರು. ಆದುದರಿಂದ ಆ ನಂಬಿಕೆಗೆ ನಾವು ತೆರುತ್ತಿದ್ದ ಬೆಲೆ ಅಷ್ಟಾಗಿ ಗೋಚರಿಸಲಿಲ್ಲ. ಇಂದು ಅಂಗೈಯಲ್ಲಿರುವ ಮೊಬೈಲಿನಲ್ಲಿ ಕಾಫಿ ಕುಡಿದು ಮುಗಿಸುವಷ್ಟರೊಳಗೆ ನೂರು ಚಿತ್ರಗಳು ಹಾದು ಹೋಗುತ್ತವೆ. ಹೆಣ್ಣು ಹೇಗಿರಬೇಕು, ಬಡವನು ಹೇಗಿರುವನು, ಕಳ್ಳನ ಮುಖ ಎಂಥದು, ದೇಶಕ್ಕೆ ಯಾವ ರೂಪ ಎಂಬುದನ್ನೆಲ್ಲ ಅವು ನಮಗೆ ಸದ್ದಿಲ್ಲದೆ ಕಲಿಸುತ್ತಿವೆ. ಇದನ್ನೇ ಯಾರಾದರೂ ಮಾತಿನಲ್ಲಿ ಹೇಳಿದ್ದರೆ ನಾವು ಎದುರು ವಾದಿಸುತ್ತಿದ್ದೆವು. ಚಿತ್ರದಲ್ಲಿ ಹೇಳಿದುದರಿಂದ ಸುಮ್ಮನೆ ಒಪ್ಪಿಬಿಡುತ್ತೇವೆ.

ಚಿತ್ರವು ಹೇಳಿದುದನ್ನು ಚಿತ್ರದಿಂದಲೇ ಪ್ರಶ್ನಿಸುವ ಒಬ್ಬ ಕಲಾವಿದೆ ನಮ್ಮ ಕನ್ನಡನಾಡಿನಲ್ಲಿರುವರು. ಅವರು ಬೆಂಗಳೂರಿನ ಶ್ರೀಮತಿ ಎನ್. ಪುಷ್ಪಮಾಲಾ. ಮುಂಬಯಿ, ದೆಹಲಿ ಮತ್ತು ಪರದೇಶಗಳ ಚಿತ್ರಶಾಲೆಗಳಲ್ಲಿ ಇವರ ಹೆಸರು ಪರಿಚಿತವಾದುದು. ಇಂಗ್ಲಿಷಿನಲ್ಲಿ ಇವರ ಕೆಲಸವನ್ನು ಕುರಿತು ಬೇಕಾದಷ್ಟು ಬರೆಹಗಳಿವೆ. ಆದರೆ ಜಿಲ್ಲೆಯ ಪಟ್ಟಣಗಳಲ್ಲಿಯೂ ಹಳ್ಳಿಗಳಲ್ಲಿಯೂ ಇರುವ ವಿದ್ಯಾವಂತ ಕುಟುಂಬಗಳಿಗೆ ಇವರ ಪರಿಚಯ ಸಾಲದು. ಅವರ ಕಲೆಯ ಮೂಲಸೂತ್ರವು ನಮ್ಮ ಬಯಲಾಟದ ಚೌಕಿಯಲ್ಲಿಯೂ ಅಡುಗೆಯ ಮನೆಯಲ್ಲಿಯೂ ನಮಗೆ ಚಿರಪರಿಚಿತವಾದುದೇ ಎಂದು ತೋರಿಸುವುದು, ಅದರ ಗುಣದೋಷಗಳನ್ನು ತೂಗಿ ನೋಡುವುದು, ಇವೆರಡು ಈ ಲೇಖನದ ಉದ್ದೇಶ.

೧

ಪುಷ್ಪಮಾಲಾ ಅವರು ೧೯೫೬ರಲ್ಲಿ ಬೆಂಗಳೂರಿನಲ್ಲಿ ಜನಿಸಿದರು. ಬಡೋದೆಯ ಮಹಾರಾಜಾ ಸಯಾಜಿರಾವ್ ವಿಶ್ವವಿದ್ಯಾನಿಲಯದ ಲಲಿತಕಲಾ ವಿಭಾಗದಲ್ಲಿ ಶಿಲ್ಪವನ್ನು ಅಭ್ಯಾಸಮಾಡಿ ೧೯೮೫ರಲ್ಲಿ ಸ್ನಾತಕೋತ್ತರ ಪದವಿಯನ್ನು ಪಡೆದರು. ಆ ಕಾಲದ ಬಡೋದೆಯು ಸಾಮಾನ್ಯವಾದ ಕಲಾಶಾಲೆಯಾಗಿರಲಿಲ್ಲ. ಕೆ. ಜಿ. ಸುಬ್ರಹ್ಮಣ್ಯನ್ ಅವರಂಥ ಗುರುಗಳು ಅಲ್ಲಿ ಜನಪದದ ಕೈಕಸಬಿಗೂ ಶಿಷ್ಟಕಲೆಗೂ ನಡುವೆ ಕಟ್ಟಿದ್ದ ಗೋಡೆಯನ್ನು ಕೆಡವುತ್ತಿದ್ದರು. ಭೂಪೇನ್ ಖಕ್ಕರ್ ಅವರು ಅಂಗಡಿಯ ಬೋರ್ಡು, ಕ್ಯಾಲೆಂಡರು, ಕ್ಷೌರಿಕನ ಮಳಿಗೆ ಇವುಗಳನ್ನು ಗಂಭೀರವಾದ ಚಿತ್ರಕಲೆಯೊಳಕ್ಕೆ ಕರೆತರುತ್ತಿದ್ದರು. ಪುಷ್ಪಮಾಲಾ ಅವರು ಮೊದಲು ಮಾಡಿದುದು ಸುಟ್ಟ ಮಣ್ಣಿನ ಶಿಲ್ಪಗಳನ್ನು. ೧೯೮೬ರಲ್ಲಿ ದೆಹಲಿಯ ಆರನೆಯ ತ್ರೈವಾರ್ಷಿಕ ಅಂತರರಾಷ್ಟ್ರೀಯ ಪ್ರದರ್ಶನದಲ್ಲಿ ಅವರಿಗೆ ಚಿನ್ನದ ಪದಕವು ಬಂದಿತು.

ಶಿಲ್ಪಿಯೆಂದು ಹೆಸರು ಪಡೆದವರು ೧೯೯೦ರ ದಶಕದ ನಡುವಿನಲ್ಲಿ ಉಳಿಯನ್ನು ಬದಿಗಿಟ್ಟು ಕ್ಯಾಮೆರಾದ ಕಡೆಗೆ ತಿರುಗಿದರು. ಕ್ಯಾಮೆರಾದ ಹಿಂದೆ ನಿಲ್ಲುವುದಕ್ಕಲ್ಲ, ಮುಂದೆ ನಿಲ್ಲುವುದಕ್ಕೆ. ತಾವೇ ಬಣ್ಣ ಹಚ್ಚಿ, ಉಡುಪು ತೊಟ್ಟು, ಕಟ್ಟಿಸಿದ ದೃಶ್ಯದೊಳಗೆ ಪಾತ್ರವಾಗಿ ನಿಂತು, ಬೇರೊಬ್ಬರಿಂದ ಛಾಯಾಚಿತ್ರ ತೆಗೆಸುವುದು ಅವರ ಮಾರ್ಗವಾಯಿತು. ಮೊದಲ ಮುಖ್ಯ ಕೃತಿ ೧೯೯೬ರಿಂದ ೧೯೯೮ರವರೆಗೆ ಮುಂಬಯಿಯಲ್ಲಿ ತೆಗೆದ 'ಫ್ಯಾಂಟಮ್ ಲೇಡಿ ಅಥವಾ ಕಿಸ್ಮತ್' ಎಂಬ ಕಪ್ಪು-ಬಿಳುಪಿನ ಚಿತ್ರಮಾಲೆ. ಚಲಚ್ಚಿತ್ರದಿಂದ ಆರಿಸಿ ತೆಗೆದ ತುಣುಕುಗಳಂತೆ ಕಾಣುವ ಈ ಮಾಲೆಗೆ ಮೂಲವಾದ ಚಲಚ್ಚಿತ್ರವೇ ಇಲ್ಲ. ಮುಸುಕು ಹಾಕಿದ ಸಾಹಸಿ ಹೆಣ್ಣು ಒಬ್ಬಳು, ಕಳೆದುಹೋದ ಅವಳ ಜೋಡಿ ಸೋದರಿ ಇನ್ನೊಬ್ಬಳು. ಎರಡೂ ಪಾತ್ರಗಳು ಅವರವೇ. ೧೯೩೫ರ 'ಹಂಟರ್‌ವಾಲಿ'ಯಲ್ಲಿ ಚಾವಟಿ ಹಿಡಿದು ಮೆರೆದ ನಾಡಿಯಾಳ ನೆನಪು ಅದರಲ್ಲಿ ಢಾಳಾಗಿ ಹೊಳೆಯುತ್ತದೆ.

ಶಿಲ್ಪವನ್ನು ಬಿಟ್ಟರೆಂದು ಹೇಳಿದುದು ಪೂರ್ತಿ ಸರಿಯಾದ ಮಾತಲ್ಲ. ಭಂಗಿಯೆಂದರೇನು, ಭಾರವು ಯಾವ ಕಾಲಿನ ಮೇಲೆ ನಿಂತಿದೆ, ಕೈಯ ಬಾಗು ಯಾವ ಅರ್ಥವನ್ನು ಕೊಡುತ್ತದೆ ಎಂಬ ಶಿಲ್ಪಿಯ ಲಕ್ಷ್ಯವು ಅವರ ಒಂದೊಂದು ಛಾಯಾಚಿತ್ರದಲ್ಲಿಯೂ ಇದೆ. ಮಣ್ಣಿನ ಬದಲು ತಮ್ಮ ಮೈಯನ್ನೇ ಅವರು ಉಪಯೋಗಿಸಿಕೊಂಡರು ಎನ್ನುವುದು ಹೆಚ್ಚು ಒಪ್ಪುವ ಮಾತು.

೨

ಈ ಮಾರ್ಗವು ತನ್ನ ಪೂರ್ಣಶಕ್ತಿಯನ್ನು ತೋರಿದುದು 'ದಕ್ಷಿಣ ಭಾರತದ ದೇಶೀಯ ಸ್ತ್ರೀಯರು: ಆಚಾರ ವ್ಯವಹಾರಗಳು' ಎಂದು ನಾವು ಕನ್ನಡಿಸಬಹುದಾದ ಮಾಲೆಯಲ್ಲಿ. ಬೆಂಗಳೂರಿನಲ್ಲಿ ಬಹುಕಾಲದಿಂದ ನೆಲೆಸಿರುವ ಬ್ರಿಟಿಷ್ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಅವರೊಡನೆ ಕೂಡಿ, ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಸಂಸ್ಥೆಯ ಸಹಾಯದಿಂದ, ೨೦೦೦ದಿಂದ ೨೦೦೪ರವರೆಗೆ ಇದನ್ನು ರಚಿಸಿದರು. ಮಾಲೆಯ ಹೆಸರೇ ಒಂದು ಅಣಕ. ಆಂಗ್ಲರ ಆಳಿಕೆಯಲ್ಲಿ ನಮ್ಮ ಜನರನ್ನು ಜಾತಿವಾರಾಗಿ ವಿಂಗಡಿಸಿ, ಚಿತ್ರ ತೆಗೆದು, ಸಂಪುಟಗಳಾಗಿ ಕಟ್ಟಿದ ಗ್ರಂಥಗಳಿಗೆ ಇಂಥ ಹೆಸರುಗಳಿರುತ್ತಿದ್ದವು. ೧೮೬೮ರಿಂದ ೧೮೭೫ರವರೆಗೆ ಎಂಟು ಸಂಪುಟಗಳಾಗಿ ಹೊರಬಂದ 'ಭಾರತದ ಜನರು' ಎಂಬ ಗ್ರಂಥ, ೧೯೦೯ರಲ್ಲಿ ಏಳು ಸಂಪುಟಗಳಾಗಿ ಪ್ರಕಟವಾದ ಥರ್ಸ್ಟನ್ನನ 'ದಕ್ಷಿಣ ಭಾರತದ ಜಾತಿಗಳೂ ಬುಡಕಟ್ಟುಗಳೂ' ಈ ಬಗೆಯವು.

ಮಾಲೆಯ ಕ್ರಮ ಹೀಗಿದೆ. ಮೊದಲು ದಕ್ಷಿಣದ ಹೆಣ್ಣನ್ನು ತೋರಿಸುವ ಪ್ರಸಿದ್ಧವಾದ ಹಳೆಯ ಚಿತ್ರಗಳನ್ನು ಆರಿಸಿಕೊಂಡರು. ೧೮೮೯ರಲ್ಲಿ ರವಿವರ್ಮನು ಬರೆದ ಬೆಳದಿಂಗಳ ಹೆಣ್ಣು, ಅವನ ಅಚ್ಚಿನ ಲಕ್ಷ್ಮಿ, ವಿಜಾಪುರದ ಆಸ್ಥಾನಚಿತ್ರದ ಯೋಗಿನಿ, ನೀಲಗಿರಿಯ ತೊದವ ಹೆಂಗಸಿನ ಛಾಯಾಚಿತ್ರ, ಚಲಚ್ಚಿತ್ರದ ನಾಯಿಕೆ, ಕಳವಿನ ಆಪಾದನೆಯ ಮೇಲೆ ಪೋಲೀಸರು ಹಿಡಿದು ಹಲಗೆ ಕೊಟ್ಟು ನಿಲ್ಲಿಸಿದ ಹೆಂಗಸರ ಪತ್ರಿಕಾಚಿತ್ರ, ಇವೇ ಮೊದಲಾದುವು. ಅನಂತರ ಪರದೆ, ಉಡುಪು, ಒಡವೆ, ಬೆಳಕು ಎಲ್ಲವನ್ನೂ ಮೂಲದಂತೆಯೇ ಸಿದ್ಧಪಡಿಸಿ, ಆ ಹೆಣ್ಣಿನ ಸ್ಥಾನದಲ್ಲಿ ತಾವು ನಿಂತರು. ಲಕ್ಷ್ಮಿಯೂ ಅವರೇ, ಅಪರಾಧಿಯೂ ಅವರೇ. ಬೇರೆ ಬೇರೆ ಗೋಡೆಗಳಲ್ಲಿ, ಬೇರೆ ಬೇರೆ ಕಡತಗಳಲ್ಲಿ ಇದ್ದುದರಿಂದ ಯಾವ ಸಂಬಂಧವೂ ಇಲ್ಲವೆಂದು ನಾವು ತಿಳಿದಿದ್ದ ಚಿತ್ರಗಳು ಒಂದೇ ಮುಖವನ್ನು ಧರಿಸಿ ಸಾಲಾಗಿ ನಿಂತಾಗ, ಅವುಗಳ ನಂಟು ಥಟ್ಟನೆ ಕಾಣುತ್ತದೆ. ಪೂಜಿಸುವುದಕ್ಕೆ ಒಂದು ಚೌಕಟ್ಟು, ಬಯಸುವುದಕ್ಕೆ ಒಂದು, ಅಳೆಯುವುದಕ್ಕೆ ಒಂದು, ಶಿಕ್ಷಿಸುವುದಕ್ಕೆ ಒಂದು. ಚೌಕಟ್ಟು ಬೇರೆಯಾದರೂ, ಹೀಗೆ ನಿಲ್ಲು ಎಂದು ಅವಳಿಗೆ ಅಪ್ಪಣೆ ಮಾಡಿದ ದನಿ ಎಲ್ಲದರಲ್ಲಿಯೂ ಉಂಟು.

ಅಳೆಯುವ ಚೌಕಟ್ಟೆಂದುದು ಅಲಂಕಾರದ ಮಾತಲ್ಲ. ೧೮೬೯ರಲ್ಲಿ ಲ್ಯಾಂಪ್ರೇ ಎಂಬಾತನು ಮನುಷ್ಯರ ಮೈಯನ್ನು ಅಳೆಯುವುದಕ್ಕಾಗಿ ಎರಡೆರಡು ಅಂಗುಲದ ಚೌಕಗಳಾಗುವಂತೆ ದಾರ ಕಟ್ಟಿದ ಪರದೆಯನ್ನು ಸೂಚಿಸಿದನು. ಅದರ ಮುಂದೆ ಜನರನ್ನು ಬತ್ತಲೆ ನಿಲ್ಲಿಸಿ ಛಾಯಾಚಿತ್ರ ತೆಗೆದರೆ, ಯಾವ ಜನಾಂಗದವನ ತೋಳು ಎಷ್ಟುದ್ದ, ಕಾಲು ಎಷ್ಟುದ್ದ ಎಂದು ಕುಳಿತಲ್ಲಿಯೇ ಲೆಕ್ಕ ಹಾಕಬಹುದು. ಅಂಡಮಾನಿನ ಆದಿವಾಸಿಗಳನ್ನು ಪೋರ್ಟ್‌ಮನ್ ಎಂಬ ಅಧಿಕಾರಿಯು ಇದೇ ಬಗೆಯ ಚೌಕುಳಿಯ ಹಿನ್ನೆಲೆಯಲ್ಲಿ ಚಿತ್ರಿಸಿದನು. ಪುಷ್ಪಮಾಲಾ ಅವರು ತಮ್ಮ ಮಾಲೆಯ ಒಂದು ಭಾಗದಲ್ಲಿ ಚೌಕುಳಿಯ ಬಟ್ಟೆ, ಅಳತೆಯ ಸಲಕರಣೆ ಇವುಗಳನ್ನು ಮತ್ತೆ ತಂದು ತಮ್ಮ ಮೈಯನ್ನೇ ಅಳತೆಗೆ ಒಡ್ಡಿದರು. ನೋಡುವವರಿಗೆ ಮೊದಲು ನಗೆ ಬರುತ್ತದೆ. ಸ್ವಲ್ಪ ಹೊತ್ತಿನ ಮೇಲೆ ಆ ನಗೆ ನಿಂತುಹೋಗುತ್ತದೆ.

೩

ಇಷ್ಟು ಹೇಳಿದ ಮೇಲೆ ಒಂದು ಪೂರ್ವಪಕ್ಷವು ಏಳುವುದು ಸಹಜ. ಇದೆಲ್ಲ ಅನುಕರಣವಲ್ಲವೆ? ಇನ್ನೊಬ್ಬರು ಬರೆದ ಚಿತ್ರವನ್ನು ವೇಷ ಕಟ್ಟಿ ನಕಲು ಮಾಡಿದರೆ ಅದು ಸೃಷ್ಟಿ ಹೇಗಾದೀತು?

ಅನುಕರಣದ ವಿಚಾರವನ್ನು ನಮ್ಮ ಆಲಂಕಾರಿಕರು ಸಾವಿರ ವರ್ಷಗಳ ಹಿಂದೆಯೇ ಕೂಲಂಕಷವಾಗಿ ನಡೆಸಿದ್ದಾರೆ. ಭರತನ ರಸಸೂತ್ರಕ್ಕೆ ವ್ಯಾಖ್ಯಾನ ಹೇಳಿದ ಶ್ರೀಶಂಕುಕನು ನಟನನ್ನು ನೋಡುವ ಪ್ರೇಕ್ಷಕನ ಅರಿವಿಗೆ ಚಿತ್ರತುರಗವನ್ನು ದೃಷ್ಟಾಂತವಾಗಿ ಕೊಟ್ಟನು. ಗೋಡೆಯ ಮೇಲಿನ ಕುದುರೆಯ ಚಿತ್ರವನ್ನು ನೋಡಿ ನಾವು 'ಇದು ಕುದುರೆ' ಎನ್ನುತ್ತೇವೆ. ಆ ಅರಿವು ನಿಜವೂ ಅಲ್ಲ, ಭ್ರಮೆಯೂ ಅಲ್ಲ, ಸಂಶಯವೂ ಅಲ್ಲ, ಕೇವಲ ಸಾದೃಶ್ಯದ ಅರಿವೂ ಅಲ್ಲ. ಈ ನಾಲ್ಕಕ್ಕೂ ಹೊರತಾದುದು. ರಾಮನ ವೇಷದ ನಟನನ್ನು ನೋಡಿ 'ಇವನು ರಾಮ' ಎನ್ನುವಾಗಲೂ ಹೀಗೆಯೇ ಎಂದನು. ಅಭಿನವಗುಪ್ತನೂ ಅವನ ಗುರುವಾದ ಭಟ್ಟತೌತನೂ ಈ ಅನುಕರಣವಾದವನ್ನು ಖಂಡಿಸಿದರು. ಆದರೆ ಚಿತ್ರತುರಗವು ಮಾತ್ರ ಶಾಸ್ತ್ರದಲ್ಲಿ ಉಳಿದುಕೊಂಡಿತು.

ಶಾಸ್ತ್ರದ ಈ ಕುದುರೆಗೂ ನಮ್ಮ ಸೀಮೆಯ ಅನುಭವಕ್ಕೂ ಒಂದು ವ್ಯತ್ಯಾಸವಿದೆ. ದೇವಸಮುದ್ರದಂಥ ಊರಿನಲ್ಲಿ ಬಯಲಾಟ ನೋಡುವವರಿಗೆ ರಾವಣನ ಕಿರೀಟದ ಕೆಳಗಿರುವವನು ಯಾರ ಮಗ, ಯಾವ ಹೊಲದವನು ಎಂಬುದು ಚೆನ್ನಾಗಿ ಗೊತ್ತು. ಅವನು ಗರ್ಜಿಸಿದಾಗ ಮಕ್ಕಳು ಹೆದರುತ್ತಾರೆ. ಅವನ ಮಾತು ತಪ್ಪಿದರೆ ಹಿರಿಯರು ಅವನ ಮನೆಯ ಹೆಸರನ್ನೇ ಹಿಡಿದು ಹಾಸ್ಯ ಮಾಡುತ್ತಾರೆ. ಎರಡು ಅರಿವೂ ಒಂದೇ ರಾತ್ರಿ, ಒಂದೇ ಮನಸ್ಸಿನಲ್ಲಿ, ಒಂದನ್ನೊಂದು ಕೆಡಿಸದೆ ಇರುತ್ತವೆ. ತೊಗಲುಗೊಂಬೆಯಾಟದಲ್ಲಿಯೂ ಹಾಗೆಯೇ. ಪರದೆಯ ಮುಂದೆ ಕುಳಿತು ಹನುಮಂತನನ್ನು ಕಂಡ ಹುಡುಗರು ಎದ್ದು ಹಿಂದೆ ಹೋಗಿ, ದೀಪದ ಬೆಳಕಿನಲ್ಲಿ ಕೋಲು ಹಿಡಿದ ಕೈಗಳನ್ನು ನೋಡಿ, ಮತ್ತೆ ಮುಂದೆ ಬಂದು ಕುಳಿತು ಅದೇ ಹನುಮಂತನಿಗೆ ಕೈ ಮುಗಿಯುತ್ತಾರೆ.

ಪುಷ್ಪಮಾಲಾ ಅವರ ಕಲೆಯು ಈ ಎರಡನೆಯ ಬಗೆಯದು. ಕುದುರೆಯನ್ನು ತೋರಿಸುವಾಗಲೇ ಅದರ ಬಣ್ಣವನ್ನೂ ತೋರಿಸುತ್ತದೆ. ಅವರ ಬೆಳದಿಂಗಳ ಹೆಣ್ಣಿನ ಹಿಂದಿನ ಪರದೆಯು ಪರದೆಯೆಂದೇ ಗೊತ್ತಾಗುತ್ತದೆ. ನಾಟಕದ ಕಂಪನಿಗಳ ಅರಮನೆ, ಅರಣ್ಯದ ಸೀನುಗಳನ್ನು ಕಂಡವರಿಗೆ ಇದು ಹೊಸದಲ್ಲ. ಮಾಲೆಯ ಕೊನೆಯ ಭಾಗದಲ್ಲಿ ಚಿತ್ರ ತೆಗೆಯುವ ಸಿದ್ಧತೆಯ ಚಿತ್ರಗಳನ್ನೇ ಸೇರಿಸಿದ್ದಾರೆ. ಅಂದರೆ ತೊಗಲುಪರದೆಯ ಹಿಂದಕ್ಕೆ ನೋಡುವವರನ್ನು ತಾವೇ ಕೈ ಹಿಡಿದು ಕರೆದೊಯ್ಯುತ್ತಾರೆ. ಮೂಲವಾದ ಚಿತ್ರವು ತಾನು ಸಹಜವೆಂದೂ ಸತ್ಯವೆಂದೂ ನಟಿಸಿತ್ತು. ಅದನ್ನು ಹಾಗೆಯೇ ಕಟ್ಟಿ ತೋರಿಸಿದಾಗ, ಅದೂ ಒಂದಾನೊಂದು ದಿನ ಯಾರೋ ಪರದೆ ಕಟ್ಟಿ, ದೀಪ ಹೊಂದಿಸಿ, ಒಬ್ಬ ಹೆಣ್ಣನ್ನು ನಿಲ್ಲಿಸಿ ಮಾಡಿದ್ದೇ ಎಂಬುದು ಹೊರಬೀಳುತ್ತದೆ. ಆದುದರಿಂದ ಇಲ್ಲಿ ಅನುಕರಣವೆಂಬುದು ವ್ಯಾಖ್ಯಾನದ ಕೆಲಸವನ್ನು ಮಾಡುತ್ತಿದೆ. ವ್ಯಾಸನ ಕಥೆಯನ್ನೇ ಪಂಪನೂ ಕುಮಾರವ್ಯಾಸನೂ ಹೇಳಿದರು. ಅವರನ್ನು ನಕಲುಗಾರರೆಂದು ಯಾವ ಕನ್ನಡಿಗನೂ ಕರೆದಿಲ್ಲ.

ಕ್ಯಾಮೆರಾದ ಗುಂಡಿಯನ್ನು ಒತ್ತಿದವರು ಬೇರೆಯವರಾದ ಮೇಲೆ ಕೃತಿಯು ಯಾರದು ಎಂಬ ಇನ್ನೊಂದು ಆಕ್ಷೇಪವುಂಟು. ನಾಟಕವು ಬರೆದವನದೋ, ಆಡಿಸಿದವನದೋ, ಆಡಿದವನದೋ ಎಂಬ ಪ್ರಶ್ನೆಗೆ ಉತ್ತರವೇನೋ ಇದಕ್ಕೂ ಅದೇ. ಪುಷ್ಪಮಾಲಾ ಅವರು ಸೂತ್ರಧಾರಿಣಿಯೂ ಪಾತ್ರಧಾರಿಣಿಯೂ ಆಗಿದ್ದಾರೆ. ಛಾಯಾಗ್ರಾಹಕರ ಹೆಸರನ್ನು ಅವರು ಮುಚ್ಚಿಟ್ಟಿಲ್ಲ.

೪

ಅವರ ಚಲಚ್ಚಿತ್ರಗಳಿಗೆ ಬರೋಣ. ಇವು ಚಿತ್ರಮಂದಿರಗಳಲ್ಲಿ ಹಣ ಕೊಟ್ಟು ನೋಡುವಂಥವಲ್ಲ. ಕಥೆಯ ಆದಿ ಮಧ್ಯ ಅಂತ್ಯಗಳನ್ನು ಅಪೇಕ್ಷಿಸಿ ಹೋದವರಿಗೆ ನಿರಾಶೆಯಾದೀತು. ಚಲಿಸುವ ಚಿತ್ರದಿಂದ ಇನ್ನೇನನ್ನು ಮಾಡಬಹುದು ಎಂದು ಪರೀಕ್ಷಿಸಿ ನೋಡಿದ ಪ್ರಯೋಗಗಳು ಇವು.

೨೦೦೬ರ 'ಪ್ಯಾರಿಸ್ ಆಟಮ್' ಎಂಬುದು ನಿಶ್ಚಲವಾದ ಕಪ್ಪು-ಬಿಳುಪು ಛಾಯಾಚಿತ್ರಗಳನ್ನು ಒಂದರ ಹಿಂದೊಂದು ಜೋಡಿಸಿ ಕಟ್ಟಿದ ಚಿತ್ರ. ಫ್ರಾನ್ಸಿನ ಕ್ರಿಸ್ ಮಾರ್ಕರ್ ಎಂಬುವರು ೧೯೬೨ರಲ್ಲಿ ಇದೇ ರೀತಿಯಲ್ಲಿ 'ಲಾ ಜೆತೆ'ಯನ್ನು ಮಾಡಿ ಪ್ರಸಿದ್ಧರಾದರು. ಪ್ಯಾರಿಸ್ಸಿಗೆ ಹೋದ ಭಾರತೀಯ ಕಲಾವಿದೆಯೊಬ್ಬಳಿಗೆ, ನಾಲ್ಕನೆಯ ಹೆನ್ರಿಯ ಪ್ರೇಯಸಿಯಾಗಿದ್ದು ೧೫೯೯ರಲ್ಲಿ ಗರ್ಭಿಣಿಯಾಗಿದ್ದಾಗಲೇ ಅನುಮಾನಾಸ್ಪದವಾಗಿ ಮಡಿದ ಗಾಬ್ರಿಯೆಲ್ ದೆಸ್ಟ್ರೆಯ ನೆರಳು ಕಾಡುತ್ತದೆ. ಪತ್ತೇದಾರಿ ಕಾದಂಬರಿಯ ಹದದಲ್ಲಿ ಕಥೆಯು ಸಾಗುತ್ತದೆ. ಪರದೇಶಿಯು ನಮ್ಮಲ್ಲಿಗೆ ಬಂದು ನಮ್ಮ ಹಳೆಯ ಅರಮನೆಗಳಲ್ಲಿ ಭೂತಗಳನ್ನು ಕಂಡು ಪುಸ್ತಕ ಬರೆಯುವುದು ವಾಡಿಕೆ. ಇಲ್ಲಿ ನಮ್ಮವರೊಬ್ಬರು ಅವರ ರಾಜಧಾನಿಗೆ ಹೋಗಿ ಅವರ ಭೂತವನ್ನು ಹುಡುಕುತ್ತಾರೆ. ನೋಟದ ದಿಕ್ಕನ್ನು ತಿರುಗಿಸಿದ ಈ ಜಾಣ್ಮೆ ಮೆಚ್ಚತಕ್ಕದ್ದೇ. ಆದರೂ ಫ್ರೆಂಚ್ ಇತಿಹಾಸವನ್ನೂ ಲೂವ್ರ್ ಚಿತ್ರಶಾಲೆಯಲ್ಲಿರುವ ಗಾಬ್ರಿಯೆಲ್ಲಳ ಚಿತ್ರಪಟವನ್ನೂ ಅರಿಯದ ಪ್ರೇಕ್ಷಕನಿಗೆ ಅದರ ಅರ್ಧ ಸ್ವಾರಸ್ಯ ತಪ್ಪಿಹೋಗುತ್ತದೆ.

ನಮ್ಮ ಮಟ್ಟಿಗೆ ಹೆಚ್ಚು ಹತ್ತಿರವಾದುದು ೨೦೦೪ರ 'ರಾಷ್ಟ್ರೀಯ ಖೀರ್ ಮತ್ತು ದೇಶೀಯ ಸಲಾಡ್'. ಹೆಚ್ಚೆಂದರೆ ಹತ್ತು ಹನ್ನೆರಡು ನಿಮಿಷಗಳ ಚಿತ್ರ. ಇದಕ್ಕೆ ಆಧಾರವು ಯಾವ ಕಾವ್ಯವೂ ಅಲ್ಲ, ಕಾದಂಬರಿಯೂ ಅಲ್ಲ. ಕಲಾವಿದೆಯ ತಾಯಿ ಮತ್ತು ಅತ್ತೆಯವರು ಸ್ವಾತಂತ್ರ್ಯ ಬಂದ ಹೊಸತರಲ್ಲಿ ಬರೆದಿಟ್ಟುಕೊಂಡಿದ್ದ ಅಡುಗೆಯ ಪುಸ್ತಕಗಳು. ಸೈನ್ಯದ ಉಡುಪಿನ ತಂದೆ, ಬಸುರಿಯಾದ ತಾಯಿ, ಒಬ್ಬ ಮಗ, ಇಷ್ಟೇ ಸಂಸಾರ. ಶಾಲೆಯ ಕರಿಹಲಗೆಯ ಮುಂದೆ ನಿಂತು ಇವರು ಪಾಕದ ವಿಧಾನ ಮೊದಲಾದುವನ್ನು ಬರೆಯುತ್ತಾರೆ.

ವಸ್ತುವು ಇಷ್ಟೇ ಎಂದು ಕೇಳಿದವರು ಮುಗುಳುನಗಬಹುದು. ಆದರೆ ಖೀರಿಗೆ 'ರಾಷ್ಟ್ರೀಯ'ವೆಂದೂ ಸಲಾಡಿಗೆ 'ದೇಶೀಯ'ವೆಂದೂ ಹೆಸರಿಟ್ಟ ಆ ಕಾಲದ ಮನಸ್ಸು ಎಂಥದು ಎಂದು ಸ್ವಲ್ಪ ಆಲೋಚಿಸಬೇಕು. ಅಣೆಕಟ್ಟು, ಕಾರ್ಖಾನೆ, ಪಂಚವಾರ್ಷಿಕ ಯೋಜನೆಗಳಲ್ಲಿ ಮಾತ್ರ ರಾಷ್ಟ್ರನಿರ್ಮಾಣವು ನಡೆಯಲಿಲ್ಲ. ಒಲೆಯ ಮುಂದೆಯೂ ನಡೆಯಿತು. ಪರಪ್ರಾಂತದ ತಿಂಡಿಯನ್ನು ಕಲಿತು ಬರೆದುಕೊಂಡ ಗೃಹಿಣಿಯು ಭಾರತದ ಭೂಪಟವನ್ನು ತನ್ನ ನೋಟುಬುಕ್ಕಿನಲ್ಲಿ ತನಗೆ ತಿಳಿದಂತೆ ಬರೆದುಕೊಳ್ಳುತ್ತಿದ್ದಳು. ಆ ಬರೆವಣಿಗೆಗೆ ಲೇಖಕಿಯ ಹೆಸರಿಲ್ಲ, ಅದನ್ನು ಯಾವ ಗ್ರಂಥಾಲಯವೂ ಕಾಪಾಡಲಿಲ್ಲ, ಯಾವ ವಿಮರ್ಶಕನೂ ಓದಲಿಲ್ಲ. ಪುಷ್ಪಮಾಲಾ ಅವರು ಅದನ್ನು ಕರಿಹಲಗೆಯ ಮೇಲೆ, ಅಂದರೆ ಜ್ಞಾನವನ್ನು ಬರೆಯತಕ್ಕ ಸ್ಥಳದಲ್ಲಿ, ಬರೆಯಿಸಿದರು. ಜೊತೆಗೆ ಆ ಆದರ್ಶಸಂಸಾರದ ಬಿಗಿಯನ್ನೂ ತೋರಿಸದೆ ಬಿಡಲಿಲ್ಲ: ತಂದೆಗೆ ಸಮವಸ್ತ್ರ, ತಾಯಿಗೆ ಗರ್ಭ, ಮಗನಿಗೆ ಪಾಠ, ಯಾರಿಗೂ ತನ್ನ ಪಾತ್ರವನ್ನು ಬಿಟ್ಟು ಆಚೆ ಕಾಲಿಡುವಂತಿಲ್ಲ. ಪ್ರೀತಿಯೂ ಪರಿಹಾಸವೂ ಹೀಗೆ ಒಂದೇ ಪಾತ್ರೆಯಲ್ಲಿ ಕುದಿದಿರುವುದು ಅಪರೂಪ. ಅವರ ಕೃತಿಗಳಲ್ಲೆಲ್ಲ ಇದನ್ನೇ ನಾನು ಮೇಲೆನ್ನುವೆನು.

ಮುಂದೆ ಅವರು ಭಾರತಮಾತೆಯ ರೂಪಗಳನ್ನು ತೆಗೆದುಕೊಂಡು, ಹಳೆಯ ಅಚ್ಚಿನ ಪಟಗಳಲ್ಲಿ ಸಿಂಹದೊಡನೆ ಧ್ವಜದೊಡನೆ ನಿಂತ ದೇವಿಯ ವೇಷಗಳನ್ನು ಧರಿಸಿದರು. ೨೦೧೭ರ ಸೆಪ್ಟೆಂಬರಿನಲ್ಲಿ ಪತ್ರಕರ್ತೆ ಗೌರಿ ಲಂಕೇಶ್ ಅವರು ಬೆಂಗಳೂರಿನಲ್ಲಿ ತಮ್ಮ ಮನೆಯ ಬಾಗಿಲಲ್ಲಿಯೇ ಕೊಲೆಯಾದ ಮೇಲೆ, ಅವರ 'ಅರ್ಜೆಂಟ್ ಸಾರು' ಎಂಬ ಪಾಕವನ್ನು ಹಿಡಿದುಕೊಂಡು, ಭಾರತಮಾತೆಯ ವೇಷದಲ್ಲಿ ಆ ಸಾರನ್ನು ಮಾಡುವ ಪ್ರದರ್ಶನವನ್ನು ರಚಿಸಿದರು. ತಾಯಿಯ ನೋಟುಬುಕ್ಕಿನ ಖೀರಿನಿಂದ ಕೊಲೆಯಾದ ಗೆಳತಿಯೊಬ್ಬಳ ಸಾರಿನವರೆಗೆ ಹರಿದು ಬಂದ ಈ ಎಳೆಯಲ್ಲಿ ನಗೆಯು ಕ್ರಮವಾಗಿ ಕಡಿಮೆಯಾಗಿರುವುದನ್ನು ಸಹೃದಯರು ಗಮನಿಸಬೇಕು.

೫

ಗುಣಗಳನ್ನು ಹೇಳಿದ ಮೇಲೆ ಕೊರತೆಗಳನ್ನು ಮುಚ್ಚಿಟ್ಟರೆ ವಿಮರ್ಶೆಯು ಸ್ತೋತ್ರವಾಗುತ್ತದೆ. ನನಗೆ ತೋರಿದ ಕೊರತೆಗಳು ಎರಡು.

ಮೊದಲನೆಯದು ವೇಷವನ್ನು ಕಳಚುವ ಸ್ವಾತಂತ್ರ್ಯಕ್ಕೆ ಸಂಬಂಧಿಸಿದ್ದು. ಲಕ್ಷ್ಮಿಯ ವೇಷವನ್ನೂ ಚಲಚ್ಚಿತ್ರದ ನಾಯಿಕೆಯ ವೇಷವನ್ನೂ ಯಾರು ತೊಟ್ಟರೂ ಯಾರು ಕಳಚಿದರೂ ಬಾಧಕವಿಲ್ಲ. ಆದರೆ ಅಳತೆಯ ಪರದೆಯ ಮುಂದೆ ನಿಂತ ಆದಿವಾಸಿ ಹೆಂಗಸಿಗೆ ಅದು ವೇಷವಾಗಿರಲಿಲ್ಲ. ಕಲಾವಿದೆಯು ಸಂಜೆಯ ಹೊತ್ತಿಗೆ ಬಣ್ಣ ತೊಳೆದುಕೊಂಡು ಮನೆಗೆ ಹೋಗಬಲ್ಲರು. ಅವಳು ಆ ಸಂಪುಟದ ಪುಟದಿಂದ ಇಂದಿಗೂ ಹೊರಕ್ಕೆ ಬರಲಾರಳು. ನಮ್ಮ ಸೀಮೆಯಲ್ಲಿಯೇ ಇದಕ್ಕೆ ಉದಾಹರಣೆಯುಂಟು. ತೊಗಲುಗೊಂಬೆಗಳನ್ನು ಆಡಿಸಿ ಊರೂರಿಗೆ ರಾಮಾಯಣವನ್ನು ತೋರಿಸಿದ ಕಿಳ್ಳೇಕ್ಯಾತರು ಥರ್ಸ್ಟನ್ನನ ಸಂಪುಟದಲ್ಲಿ ಒಂದು ನಮೂದಾಗಿ ಕುಳಿತಿದ್ದಾರೆ. ಚಿತ್ರವನ್ನು ತೋರಿಸುವವರೇ ಅಲ್ಲಿ ನೋಡತಕ್ಕ ವಸ್ತುವಾದರು. ಅವರು ತಮ್ಮನ್ನು ಬರೆದವನನ್ನು ಹೇಗೆ ನೋಡಿದರೆಂಬುದಕ್ಕೆ ಆ ಪುಟಗಳಲ್ಲಿ ಸ್ಥಳವಿಲ್ಲ. ಪುಷ್ಪಮಾಲಾ ಅವರು ತಮ್ಮನ್ನು ಆ ಹೆಂಗಸಿನ ಸ್ಥಾನದಲ್ಲಿ ಇಟ್ಟುದರಿಂದ ಅಳೆದವನ ಕ್ರೌರ್ಯವು ಬೆಳಕಿಗೆ ಬಂದಿತೆಂಬುದು ನಿಜ. ಅವಳ ಹೆಸರು, ಅವಳ ಮಾತು ಮಾತ್ರ ಹಿಂದಿನಂತೆ ಕತ್ತಲೆಯಲ್ಲಿಯೇ ಉಳಿದುವು. ವಿದ್ಯಾವಂತರಾದ ನಗರದ ಕಲಾವಿದರು ಅವಳ ಪರವಾಗಿ ನಿಲ್ಲಬಹುದೇ ಹೊರತು ಅವಳಾಗಿ ನಿಲ್ಲಲಾಗದು. ಈ ಗಡಿಯನ್ನು ಮಾಲೆಯು ಇನ್ನೂ ಸ್ಪಷ್ಟವಾಗಿ ಒಪ್ಪಿಕೊಳ್ಳಬಹುದಾಗಿತ್ತು.

ಎರಡನೆಯದು ಈ ಕಲೆಯು ಸಂಚರಿಸುವ ದಾರಿಗೆ ಸಂಬಂಧಿಸಿದ್ದು. ಪುಷ್ಪಮಾಲಾ ಅವರು ತಮ್ಮ ಕಲ್ಪನೆಯಲ್ಲಿ ಒಂದು ಸಂಸ್ಥೆಯನ್ನು ಕಟ್ಟಿಕೊಂಡಿದ್ದಾರೆ. ಅದು ಒಮ್ಮೆ ಚರ್ಚೆಯ ಕೂಟ, ಒಮ್ಮೆ ಚಲಚ್ಚಿತ್ರದ ಕಂಪನಿ. ಅದಕ್ಕೆ ಅವರು ಇಟ್ಟಿರುವ ಹೆಸರು 'ಸೋಂಬೇರಿಕಟ್ಟೆ'. ಇದಕ್ಕಿಂತ ಚೊಕ್ಕವಾದ ಕನ್ನಡದ ಹೆಸರು ಬೇರೆ ಸಿಕ್ಕಲಾರದು. ಊರ ಅರಳಿಮರದ ಕಟ್ಟೆಯ ಮೇಲೆ ಕೆಲಸವಿಲ್ಲದವರು ಕುಳಿತು ಹೋಗಿಬರುವವರ ನಡೆ ಉಡುಗೆಗಳನ್ನು ವಿಮರ್ಶಿಸುವುದುಂಟಷ್ಟೆ; ಇವರ ಕಲೆಯೂ ಅಂಥ ಸಾವಕಾಶದ, ಅಂಥ ತೀಕ್ಷ್ಣವಾದ ನೋಟ. ಆದರೆ ಹೆಸರು ನಮ್ಮ ಕಟ್ಟೆಯದಾದರೂ ಕೃತಿಗಳು ಬೆಳಕು ಕಾಣುವುದು ಮಹಾನಗರಗಳ ಚಿತ್ರಶಾಲೆಗಳಲ್ಲಿ. ಅವುಗಳ ಶೀರ್ಷಿಕೆಗಳು ಇಂಗ್ಲಿಷಿನಲ್ಲಿ ಅಥವಾ ಹಿಂದಿಯಲ್ಲಿ. ಅವುಗಳ ಮೇಲಿನ ವಿಚಾರವೂ ಬಹುಮಟ್ಟಿಗೆ ಇಂಗ್ಲಿಷಿನಲ್ಲಿ. ರವಿವರ್ಮನ ಪಟಗಳು ಬಡವರ ಗುಡಿಸಿಲಿಗೂ ಹೋದುವು. ಆ ಪಟಗಳನ್ನು ಪ್ರಶ್ನಿಸುವ ಪಟಗಳು ಅಲ್ಲಿಗೆ ಹೋಗಿಲ್ಲ. ರೋಗವು ಊರೆಲ್ಲ ಹರಡಿ ಔಷಧವು ಪೇಟೆಯಲ್ಲಿಯೇ ಉಳಿದಂತಾಯಿತು. ಇದರ ಹೊಣೆ ಕಲಾವಿ­ದೆಯೊಬ್ಬರದೇ ಎನ್ನಲಾಗದು. ಕಾವ್ಯವಾಚನಕ್ಕೆ ಕರೆಯುವ ನಮ್ಮ ಸಂಘಗಳು ಇಂಥ ಚಿತ್ರಗಳನ್ನು ಕರೆತರುವ ಯೋಚನೆಯನ್ನೇ ಮಾಡಿಲ್ಲ.

ಹಾಗೆಂದು ನಮ್ಮ ಸೀಮೆಯು ಈ ಕಲೆಯನ್ನು ಅರಿಯಲಾರದೆಂದು ಯಾರೂ ಎಣಿಸಬೇಕಾಗಿಲ್ಲ. ಕಟ್ಟಿದವನು ತನ್ನ ಕೈಯನ್ನು ಕಾಣಗೊಡುವ ಕಲೆಗೆ ನಮ್ಮ ತಾಲ್ಲೂಕಿನಲ್ಲಿ ಎರಡು ಸಾವಿರ ವರ್ಷಕ್ಕೂ ಮಿಕ್ಕಿದ ಸಾಕ್ಷಿಯಿದೆ. ೧೮೯೨ರಲ್ಲಿ ಬಿ. ಎಲ್. ರೈಸ್ ಅವರು ಬೆಳಕಿಗೆ ತಂದ ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗರಾಮೇಶ್ವರದ ಅಶೋಕನ ಶಾಸನಗಳನ್ನು ನೆನೆಯಿರಿ. ಅವುಗಳ ಕೊನೆಯಲ್ಲಿ ಚಪಡನೆಂಬ ಲಿಪಿಕಾರನು ತನ್ನ ಹೆಸರನ್ನು ಹೇಳಿಕೊಂಡಿದ್ದಾನೆ. ಚಕ್ರವರ್ತಿಯ ಮಾತನ್ನೆಲ್ಲ ಬ್ರಾಹ್ಮಿಯಲ್ಲಿ ಬರೆದು, ತಾನು ಲಿಪಿಕಾರನೆಂಬ ಒಂದು ಮಾತನ್ನು ಮಾತ್ರ ವಾಯವ್ಯ ದೇಶದ ಖರೋಷ್ಠಿಯಲ್ಲಿ, ಬಲದಿಂದ ಎಡಕ್ಕೆ ಬರೆದನು. ಇಲ್ಲಿನ ಓದುಗರಾರಿಗೂ ಬಹುಶಃ ತಿಳಿಯದ ಲಿಪಿ ಅದು. ದೇವಾನಾಂಪ್ರಿಯನ ಅಪ್ಪಣೆಯು ಆಕಾಶದಿಂದ ಇಳಿಯಲಿಲ್ಲ, ಒಬ್ಬ ಮನುಷ್ಯನು ಬಂಡೆಯ ಮುಂದೆ ಕುಳಿತು ಅದನ್ನು ಬರೆದನು ಎಂದು ಆ ಒಂದು ಮಾತು ಇಂದಿಗೂ ಸಾರುತ್ತಿದೆ. ಪುಷ್ಪಮಾಲಾ ಅವರು ಈಚೆಗೆ ಅಳಿದ, ಅಪರೂಪವಾದ ಲಿಪಿಗಳ ಅಕ್ಷರಗಳನ್ನು ತಾಮ್ರದ ತಗಡುಗಳಲ್ಲಿ ಮೂಡಿಸಿರುವರು. ಬ್ರಹ್ಮಗಿರಿಯ ಬಂಡೆಯನ್ನು ಕಂಡವರಿಗೆ ಆ ತಗಡುಗಳು ಅಪರಿಚಿತವೆನಿಸಲಾರವು.

ಮಗ್ಗದ ಮುಂದೆ ನಗುತ್ತ ಕುಳಿತ ಮೊಳಕಾಲ್ಮೂರಿನ ನೇಕಾರನ ಚಿತ್ರವನ್ನು ಅಂಗಡಿಯ ಹಲಗೆಯ ಮೇಲೆ ಕಂಡಾಗ, ಅವನನ್ನು ನಗು ಎಂದವರು ಯಾರು, ಸೀರೆಯ ಬೆಲೆಯಲ್ಲಿ ಅವನ ಕೂಲಿ ಎಷ್ಟು, ಮಗ್ಗದ ಆಚೆ ಬದಿಯಲ್ಲಿ ನೂಲು ಸುತ್ತುವ ಅವನ ಹೆಂಡತಿ ಚೌಕಟ್ಟಿನ ಹೊರಗೇಕೆ ಉಳಿದಳು ಎಂದು ಕೇಳಲು ಕಲಿತರೆ, ಈ ಕಲಾವಿದೆಯ ಪಾಠವು ನಮಗೆ ಹತ್ತಿದಂತೆ. ಇದಕ್ಕೆ ಚಿತ್ರಶಾಲೆ ಬೇಕಾಗಿಲ್ಲ. ನಮ್ಮ ಸಂಘಗಳು ವರ್ಷಕ್ಕೊಂದು ಸಂಜೆಯನ್ನು ಇಂಥ ಚಿತ್ರಗಳ ಪ್ರದರ್ಶನಕ್ಕೂ ಚರ್ಚೆಗೂ ಮೀಸಲಿಡಲಿ. ಕಲಾವಿದೆಯ ಅನುಮತಿಯನ್ನು ಬೇಡಿ 'ರಾಷ್ಟ್ರೀಯ ಖೀರ್' ಚಿತ್ರದಿಂದಲೇ ಮೊದಲು ಮಾಡಲಿ. ಆ ಸಂಜೆಗೆ ಬರುವವರು ತಮ್ಮ ತಮ್ಮ ಮನೆಗಳ ಅಟ್ಟದಲ್ಲಿ ಅಜ್ಜಿ ತಾಯಂದಿರು ಬರೆದಿಟ್ಟ ನೋಟುಬುಕ್ಕುಗಳಿದ್ದರೆ, ಎಣ್ಣೆಯ ಕಲೆ ಬಿದ್ದಿದ್ದರೂ ಚಿಂತೆಯಿಲ್ಲ, ಹಳೆಯ ಕಾಗದವೆಂದು ತೂಕಕ್ಕೆ ಹಾಕದೆ ಕೈಯಲ್ಲಿ ಹಿಡಿದು ಬರಲಿ. ಕನ್ನಡ ಸಾಹಿತ್ಯದಲ್ಲಿ ಇನ್ನೂ ಓದದೆ ಉಳಿದಿರುವ ಒಂದು ಭಾಗವು ಅವುಗಳಲ್ಲಿದೆ.